ಡೈನಮೋ ಬಿಚ್ಚಿ ತೋರಿಸಿ ಆಮೇಲೆ ರೇಟು ಹೇಳುವ ಅಂಗಡಿ

ಬೆಂಗಳೂರಿನ ಜೆ.ಸಿ. ರೋಡಿನ ಒಳಗಲ್ಲಿಯೊಂದರಲ್ಲಿ ಸಣ್ಣದೊಂದು ಆಟೋ ಎಲೆಕ್ಟ್ರಿಕಲ್ ಅಂಗಡಿ ಇದೆ. ಬೋರ್ಡಿನ ಮೇಲಿನ ಹೆಸರು ಬಿಸಿಲಿಗೆ ಅಳಿಸಿಹೋಗಿದೆ. ಕೆಳಗಿನ "ಸೆಲ್ಫ್, ಡೈನಮೋ, ವೈಂಡಿಂಗ್" ಮಾತ್ರ ಓದಲು ಬರುತ್ತದೆ. ಕಾರಿನ ಆಲ್ಟರ್ನೇಟರ್ (ಇಂಜಿನ್ ಓಡುವಾಗ ಕರೆಂಟು ಹುಟ್ಟಿಸಿ ಬ್ಯಾಟರಿ ಚಾರ್ಜ್ ಮಾಡುವ ಭಾಗ, ಅಂಗಡಿ ಭಾಷೆಯಲ್ಲಿ ಡೈನಮೋ) ತೊಂದರೆ ಅಂತ ಅಲ್ಲಿಗೆ ಹೋಗಿದ್ದೆ. ಕೆಲಸಕ್ಕೆ ಐದಕ್ಕೆ ಐದು, ಪಾರ್ಕಿಂಗ್‌ಗೆ ಸೊನ್ನೆ, ಸಮಯಪಾಲನೆಗೆ ಎರಡು. ಒಟ್ಟಿನಲ್ಲಿ ನಾಲ್ಕು ಸ್ಟಾರ್. ಸ್ವಲ್ಪ ಉದ್ದವಾಗಿಯೇ ಬರೆಯುತ್ತಿದ್ದೇನೆ. ಯಾಕೆಂದರೆ ಚಾರ್ಜಿಂಗ್ ತೊಂದರೆ ಅಂತ ಹೋದವರಿಗೆ ಮೊದಲು ಬ್ಯಾಟರಿ ಹಾಕಿಸಿ, ಅದಕ್ಕೂ ಸರಿಹೋಗದಿದ್ದರೆ ಇಡೀ ಆಲ್ಟರ್ನೇಟರ್ ಹಾಕಿಸಿ, ಕೊನೆಗೆ ವೈರಿಂಗ್ ಅಂತ ರಾಗ ಎಳೆಯುವ ಜಾಗಗಳೇ ಜಾಸ್ತಿ.

ನಮ್ಮದು ಹತ್ತು ವರ್ಷ ದಾಟಿದ ಪೆಟ್ರೋಲ್ ಹ್ಯಾಚ್‌ಬ್ಯಾಕ್. ಬ್ಯಾಟರಿ ಲೈಟು ಇದ್ದಕ್ಕಿದ್ದಂತೆ ಹತ್ತುತ್ತಿತ್ತು, ಮುಂದಿನ ಹಂಪು ದಾಟಿದರೆ ತಾನೇ ಆರುತ್ತಿತ್ತು. ರಾತ್ರಿ ಸಿಗ್ನಲ್‌ನಲ್ಲಿ ನಿಂತರೆ ಹೆಡ್‌ಲೈಟ್ ಮಂಕು, ಆಕ್ಸಿಲರೇಟರ್ ಒತ್ತಿದರೆ ಒಂಚೂರು ಚುರುಕು. ಎಲೆಕ್ಟ್ರಿಕ್ ಪವರ್ ಸ್ಟೀರಿಂಗ್ ಆದ್ದರಿಂದ ಒಂದೆರಡು ಸಲ ಅದೂ ಬಿಗಿಯಾಗಿ ಹೆದರಿಸಿತು. ಮೊದಲು ತೋರಿಸಿದ ವರ್ಕ್‌ಶಾಪ್‌ನಲ್ಲಿ (ಹೆಸರು ಬೇಡ ಬಿಡಿ) ಸ್ಕ್ಯಾನರ್ ಚುಚ್ಚಿದರು. ಸಿಸ್ಟಮ್ ವೋಲ್ಟೇಜ್ ಕಮ್ಮಿ ಅಂತ ಕೋಡ್ ಬಂತು. "ಅಸೆಂಬ್ಲಿನೇ ಚೇಂಜ್ ಮಾಡ್ಬೇಕು ಸರ್" ಅಂತ ಲೇಬರ್ ಸೇರಿಸಿ 16 ಸಾವಿರದ ಎಸ್ಟಿಮೇಟ್ ಕೈಗಿಟ್ಟರು, ಹೊಸ ಬ್ಯಾಟರಿಯೂ ಹಾಕಿಸಿಬಿಡಿ ಅಂತ ಪುಕ್ಕಟೆ ಸಲಹೆ ಬೇರೆ. ಒಬ್ಬರೂ ಬಾನೆಟ್ ಎತ್ತಿ ಬೆಲ್ಟ್ ಮುಟ್ಟಿ ನೋಡಲಿಲ್ಲ. ವೋಲ್ಟೇಜ್ ಕಮ್ಮಿ ಇದೆ ಅನ್ನೋದು ಡ್ಯಾಶ್‌ಬೋರ್ಡಿನ ಕೆಂಪು ಲೈಟಿನಿಂದಲೇ ಗೊತ್ತಿತ್ತಲ್ವಾ? ಯಾಕೆ ಕಮ್ಮಿ ಅನ್ನೋದನ್ನ ಕೋಡ್ ಹೇಳುವುದಿಲ್ಲ.

ಈ ಅಂಗಡಿಯ ಯಜಮಾನರು ಸ್ಕ್ಯಾನರ್ ಮುಟ್ಟಲೇ ಇಲ್ಲ. ಮೊದಲು ಕೇಳಿದ್ದು, "ಕೀ ಆನ್ ಮಾಡಿ, ಸ್ಟಾರ್ಟ್ ಮಾಡ್ಬೇಡಿ." ಬ್ಯಾಟರಿ ಲೈಟು ಹತ್ತುತ್ತದಾ ನೋಡುವುದಕ್ಕೆ. ಕೀ ಆನ್ ಆದಾಗ ಹತ್ತಬೇಕು, ಇಂಜಿನ್ ಓಡಿದ ಮೇಲೆ ಆರಬೇಕು. ಹಳೆಯ ಗಾಡಿಗಳಲ್ಲಿ ಆಲ್ಟರ್ನೇಟರ್ ಎಚ್ಚರಗೊಳ್ಳಲು ಬೇಕಾದ ಮೊದಲ ಕರೆಂಟು ಹೋಗುವುದೇ ಆ ಬಲ್ಬಿನ ಮೂಲಕ, ಹಾಗಾಗಿ ಬಲ್ಬು ಸುಟ್ಟಿದ್ದರೆ ಆಲ್ಟರ್ನೇಟರ್ ಚೆನ್ನಾಗಿದ್ದೂ ಚಾರ್ಜ್ ಶುರುವಾಗದೇ ಇರಬಹುದು. ಲೈಟು ಬರುತ್ತಿಲ್ಲ, ಹಾಗಾದ್ರೆ ತೊಂದರೆ ಇಲ್ಲ ಅಂದುಕೊಳ್ಳುವವರು ಈ ಒಂದು ಪರೀಕ್ಷೆ ಮನೆಯಲ್ಲೇ ಮಾಡಿ ನೋಡಿ.

ನಮ್ಮದರಲ್ಲಿ ಲೈಟು ಸರಿಯಾಗಿಯೇ ಹತ್ತಿತು. ಆಮೇಲೆ ಮೀಟರ್ ತೆಗೆದರು. ಇಂಜಿನ್ ಆಫ್ ಇದ್ದಾಗ ಬ್ಯಾಟರಿ 12.3 ವೋಲ್ಟ್. ಪೂರ್ತಿ ಚಾರ್ಜ್ ಆಗಿ ಸುಮ್ನೆ ಕೂತ ಬ್ಯಾಟರಿ 12.6 ತೋರಿಸಬೇಕು, 12.0ಕ್ಕೆ ಇಳಿದರೆ ಹೆಚ್ಚುಕಮ್ಮಿ ಖಾಲಿ. ಅಂದರೆ ನಮ್ಮ ಬ್ಯಾಟರಿ ಹಸಿದಿತ್ತು, ಸತ್ತಿರಲಿಲ್ಲ. ಸ್ಟಾರ್ಟ್ ಮಾಡಿದ ಮೇಲೆ 13.4 ಬಂತು. ಇಂಥ ಗಾಡಿಗೆ 13.8ರಿಂದ 14.5ರ ಒಳಗೆ ಬರಬೇಕು. 15 ದಾಟಿದರೆ ವೋಲ್ಟೇಜ್ ಹತೋಟಿಯಲ್ಲಿಡುವ ರೆಗ್ಯುಲೇಟರ್ ಕೈಬಿಟ್ಟಿದೆ, ಬ್ಯಾಟರಿ ನೀರು ಕುದಿಸಿ ಬಲ್ಬು ಸುಡುತ್ತದೆ ಅಂತ ಅರ್ಥ. 13.4 ಸ್ವಲ್ಪ ಹೊತ್ತು ನಿಂತಿತು, ಆಮೇಲೆ ಮೀಟರಿನ ಅಂಕಿ ಜಾರುತ್ತಾ 12.2ಕ್ಕೆ ಬಂತು, ಕೆಂಪು ಲೈಟು ಹತ್ತಿತು. ಯಜಮಾನರು ಸ್ಕ್ರೂಡ್ರೈವರ್ ತಿರುಗಿಸಿ ಹಿಡಿದು, ಬೆಲ್ಟಿಗೆ ಕೈ ತಾಗದ ಹಾಗೆ, ಅದರ ಮರದ ಹಿಡಿಯಿಂದ ಆಲ್ಟರ್ನೇಟರ್ ಹಿಂಬದಿಗೆ ಎರಡು ಸಲ ಮೆಲ್ಲಗೆ ತಟ್ಟಿದರು. ಲೈಟು ಆರಿತು, ಮತ್ತೆ 13.4. "ಕಾರ್ಬನ್" ಅಂದರು, ಅಷ್ಟೇ.

ಅಲ್ಲಿಗೇ ನಿಲ್ಲಿಸಿದ್ದರೆ ಮಾಮೂಲಿ ಒಳ್ಳೆ ಅಂಗಡಿ ಅಂತ ಬರೆದು ಮುಗಿಸುತ್ತಿದ್ದೆ. ನಿಲ್ಲಿಸಲಿಲ್ಲ. ಹೆಡ್‌ಲೈಟ್, ಬ್ಲೋವರ್ ಎಲ್ಲಾ ಹಾಕಿಸಿ ಮೀಟರಿನ ಒಂದು ಮುಳ್ಳನ್ನು ಬ್ಯಾಟರಿಯ ಪ್ಲಸ್‌ಗೆ, ಇನ್ನೊಂದನ್ನು ಆಲ್ಟರ್ನೇಟರ್ ಹಿಂದಿನ ದಪ್ಪ ಬೋಲ್ಟಿಗೆ ಇಟ್ಟರು. 0.1 ವೋಲ್ಟ್. ಅದು ಪರವಾಗಿಲ್ಲ. ಆಮೇಲೆ ಆಲ್ಟರ್ನೇಟರ್ ಮೈಗೂ ಬ್ಯಾಟರಿ ಮೈನಸ್‌ಗೂ ಇಟ್ಟರು. 0.4. ಎರಡೂ ಕಡೆ 0.2ರ ಆಸುಪಾಸಿನ ಒಳಗೇ ಇರಬೇಕು, ಅದಕ್ಕಿಂತ ಜಾಸ್ತಿ ಅಂದರೆ ಉತ್ಪತ್ತಿಯಾದ ವೋಲ್ಟೇಜ್ ದಾರಿಯಲ್ಲೇ ಕಳೆದುಹೋಗುತ್ತಿದೆ. ಇಂಜಿನ್‌ನಿಂದ ಬಾಡಿಗೆ ಹೋಗುವ ಅರ್ತಿಂಗ್ ಪಟ್ಟಿಯ ತುದಿ ಹಸಿರುಗಟ್ಟಿ ಪುಡಿಯಾಗಿತ್ತು. ಇದು ಮುಖ್ಯ ನೋಡಿ. 16 ಸಾವಿರ ಕೊಟ್ಟು ಹೊಳೆಯುವ ಹೊಸ ಆಲ್ಟರ್ನೇಟರ್ ಕೂರಿಸಿದ್ದರೂ ಈ ಪಟ್ಟಿ ಹಾಗೇ ಇರುತ್ತಿತ್ತು, ಬ್ಯಾಟರಿ ಅರೆಹೊಟ್ಟೆಯಲ್ಲೇ ಇರುತ್ತಿತ್ತು, ಆಗ ಪಾಪ ಹೊಸ ಬ್ಯಾಟರಿ ಮೇಲೆ ಅನುಮಾನ ಬರುತ್ತಿತ್ತು.

ಬೆಲ್ಟ್ ನೋಡಿದರು, ಬಿರುಕು ಇಲ್ಲ, ಟೆನ್ಷನ್ ಸರಿ. ಬೆಳಗ್ಗೆ ಸ್ಟಾರ್ಟ್ ಮಾಡಿದಾಗ ಅಥವಾ ಮಳೆಯಲ್ಲಿ ಕೀಂಯ್ ಅನ್ನುವ ಗಾಡಿಗಳಲ್ಲಿ ಬಹಳ ಸಲ ಬೆಲ್ಟೇ ಕಳ್ಳ. ಹೊಳಪು ಬಂದು ಜಾರುವ ಬೆಲ್ಟಿಗೆ ಪೌಡರ್ ಹಾಕಿ ಸದ್ದು ನಿಲ್ಲಿಸುವ ಮಹಾನುಭಾವರೂ ಇದ್ದಾರೆ, ಅದು ಬೇರೆ ಕಥೆ.

ಡಯೋಡ್ ಪರೀಕ್ಷೆ ಮಾತ್ರ ನನಗೆ ತುಂಬಾ ಹಿಡಿಸಿತು. ಆಲ್ಟರ್ನೇಟರ್ ಒಳಗೆ ಹುಟ್ಟುವುದು ಮೂರು ಫೇಸ್ ಎಸಿ, ಅಂದರೆ ದಿಕ್ಕು ಬದಲಿಸುತ್ತಾ ಹರಿಯುವ ಕರೆಂಟು. ಕರೆಂಟನ್ನು ಒಂದೇ ದಿಕ್ಕಿಗೆ ಬಿಡುವ ಡಯೋಡ್‌ಗಳು, ಸಾಮಾನ್ಯವಾಗಿ ಆರು, ಅದನ್ನು ಡಿಸಿ ಮಾಡುತ್ತವೆ. ಒಂದು ಡಯೋಡ್ ಹೋದರೂ ಇಂಜಿನ್ ಓಡುವಾಗ ವೋಲ್ಟೇಜ್ ಹೆಚ್ಚುಕಮ್ಮಿ ಸರಿಯಾಗಿಯೇ ಕಾಣಬಹುದು, ಆದರೆ ಹೆಡ್‌ಲೈಟ್ ಮಿಣುಕುತ್ತದೆ, ಆಡಿಯೋದಲ್ಲಿ ಇಂಜಿನ್ ಜೊತೆ ಏರಿಳಿಯುವ ಸದ್ದು ಬರುತ್ತದೆ. ಡಯೋಡ್ ಶಾರ್ಟ್ ಆದರೆ ರಾತ್ರಿಯಿಡೀ ಬ್ಯಾಟರಿ ಕರೆಂಟು ಹಿಂದಕ್ಕೆ ಹರಿದು ಬೆಳಗ್ಗೆ ಸೆಲ್ಫ್ ತಿರುಗುವುದಿಲ್ಲ. ಇಂಜಿನ್ ಪೂರ್ತಿ ತಣ್ಣಗಾದ ಮೇಲೂ ಆಲ್ಟರ್ನೇಟರ್ ಮೈ ಮಾತ್ರ ಬೆಚ್ಚಗಿದ್ದರೆ ಅನುಮಾನವೇ ಬೇಡ. ಇದನ್ನು ಹಿಡಿಯಲು ಇಂಜಿನ್ ಓಡುವಾಗ ಮೀಟರನ್ನು ಎಸಿಗೆ ತಿರುಗಿಸಿ ಬ್ಯಾಟರಿ ಮೇಲೆ ಇಡುತ್ತಾರೆ. ಅರ್ಧ ವೋಲ್ಟ್‌ಗಿಂತ ಜಾಸ್ತಿ ಎಸಿ ಬಂದರೆ ಡಯೋಡ್ ಪ್ಲೇಟ್ ನೋಡಬೇಕು. ನಮ್ಮದು 0.05ರ ಒಳಗಿತ್ತು. ಮನೆಯಲ್ಲಿ ಮಾಡುವವರಿಗೆ ಒಂದು ಮಾತು: ಎಸ್.ಪಿ. ರೋಡಿನಲ್ಲಿ ಸಿಗುವ ಅಗ್ಗದ ಹಳದಿ ಮೀಟರುಗಳಲ್ಲಿ ಕೆಲವು ಎಸಿ ರೇಂಜಿನಲ್ಲಿ ಇಟ್ಟಾಗ ಡಿಸಿಯನ್ನೇ ದುಪ್ಪಟ್ಟು ಮಾಡಿ 28, 30 ಅಂತ ತೋರಿಸುತ್ತವೆ, ಮುಳ್ಳು ಅದಲುಬದಲು ಮಾಡಿದರೆ ಸೊನ್ನೆ. ಅದು ಮೀಟರಿನ ಹಣೆಬರಹ, ಡಯೋಡಿನದ್ದಲ್ಲ. ಡಿಸಿ ವೋಲ್ಟೇಜ್ ನೋಡಲು ಅವು ಸಾಕು, ಇದಕ್ಕೆ ಆಗುವುದಿಲ್ಲ.

ಇಷ್ಟೆಲ್ಲಾ ಆದ ಮೇಲೆ ಬ್ಯಾಟರಿ ಮೈನಸ್ ಕಳಚಿ ಆಲ್ಟರ್ನೇಟರ್ ಇಳಿಸಿದರು. ಬೆಂಚಿನ ಮೇಲೆ ಬಿಚ್ಚುವಾಗ ನನ್ನನ್ನು ಪಕ್ಕದಲ್ಲೇ ನಿಲ್ಲಿಸಿಕೊಂಡರು. ಹಿಂದಿನ ಪ್ಲಾಸ್ಟಿಕ್ ಮುಚ್ಚಳ ತೆಗೆದ ತಕ್ಷಣ ಕರಿ ಪುಡಿ ಉದುರಿತು. ಕಾರ್ಬನ್ ಬ್ರಶ್ ಎರಡು ಇರುತ್ತವೆ, ತಿರುಗುವ ರೋಟರಿನ ತಾಮ್ರದ ಬಳೆಗಳ (ಸ್ಲಿಪ್ ರಿಂಗ್) ಮೇಲೆ ಸ್ಪ್ರಿಂಗ್ ಒತ್ತಡದಲ್ಲಿ ಉಜ್ಜುತ್ತಾ ಅದಕ್ಕೆ ಕರೆಂಟು ಕೊಡುತ್ತವೆ. ಅವು ಬಿಟ್ಟರೆ ರೋಟರ್ ಆಯಸ್ಕಾಂತ ಆಗುವುದಿಲ್ಲ, ಎಷ್ಟು ತಿರುಗಿದರೂ ವ್ಯರ್ಥ. ಹೊಸದರ ಪಕ್ಕ ಇಟ್ಟು ತೋರಿಸಿದರು. ನಮ್ಮದರಲ್ಲಿ ಒಂದು ಇನ್ನೂ ಸ್ವಲ್ಪ ಉಳಿದಿತ್ತು, ಇನ್ನೊಂದು ಹೋಲ್ಡರಿನಿಂದ ಹೊರಗೆ ಅಕ್ಕಿಕಾಳಿನಷ್ಟು ಮಾತ್ರ ಇಣುಕುತ್ತಿತ್ತು, ಅದೂ ಓರೆಯಾಗಿ ಸವೆದು. ಹಂಪಿನಲ್ಲಿ ಲೈಟು ಬಂದು ಹೋಗುತ್ತಿದ್ದುದರ ಗುಟ್ಟು ಅದು. ಸ್ಲಿಪ್ ರಿಂಗ್ ಎರಡರ ನಡುವೆ ಮೀಟರ್ ಇಟ್ಟರೆ 2.9 ಓಮ್, ರಿಂಗಿಗೂ ಶಾಫ್ಟಿಗೂ ನಡುವೆ ಸಂಪರ್ಕವೇ ಇಲ್ಲ. ಅಂದರೆ ರೋಟರ್ ಚೆನ್ನಾಗಿದೆ. ರೋಟರ್ ಸುತ್ತ ಅಲುಗದೆ ಕೂತ ಸ್ಟೇಟರ್ ಸುರುಳಿಯ ತಂತಿ ಎಲ್ಲೂ ಕರಿದಾಗಿಲ್ಲ, ಮೂಗಿನ ಹತ್ತಿರ ಹಿಡಿದರೂ ಸುಟ್ಟ ವಾರ್ನಿಶ್ ವಾಸನೆ ಇಲ್ಲ. ಮುಂದಿನ ಬೇರಿಂಗ್ ಮಾತ್ರ ಕೈಯಲ್ಲಿ ತಿರುಗಿಸಿದರೆ ಗರಗರ ಅನ್ನುತ್ತಿತ್ತು. "ಇದಿನ್ನೂ ಓಡುತ್ತೆ, ಆದರೆ ಬಿಚ್ಚಿದ್ದೀವಲ್ಲ" ಅಂದರು. ಎರಡೂ ಬೇರಿಂಗ್ ಹಾಕಿಸಿದೆ.

ರೇಟು ಹೇಳಿದ್ದು ಇಷ್ಟೆಲ್ಲಾ ಆದಮೇಲೆ. ಬ್ರಶ್ ಸಮೇತ ಬರುವ ರೆಗ್ಯುಲೇಟರ್, ಅದಕ್ಕೆ ಅವರು "ಐಸಿ" ಅನ್ನುತ್ತಾರೆ, ಎರಡೂ ಬೇರಿಂಗ್, ಸ್ಲಿಪ್ ರಿಂಗ್ ಪಾಲಿಶ್, ಹೊಸ ಅರ್ತಿಂಗ್ ಪಟ್ಟಿ, ಇಳಿಸಿ ಕೂರಿಸುವ ಕೂಲಿ, ಎಲ್ಲಾ ಸೇರಿ 3,900 ರೂಪಾಯಿ. ಬರೀ ಕಾರ್ಬನ್ ಬೆಸುಗೆ ಹಾಕಿ ಕೊಡಿ ಅಂದಿದ್ದರೆ ಇನ್ನೂ ಕಮ್ಮಿ ಆಗುತ್ತಿತ್ತಂತೆ, ಹಳೆ ರೆಗ್ಯುಲೇಟರಿನ ಮೇಲೆ ಗ್ಯಾರಂಟಿ ಇಲ್ಲ ಅಂತ ನೇರವಾಗಿ ಹೇಳಿದರು. ಕೂರಿಸಿದ ಮೇಲೆ 14.2, ಲೈಟು, ಏರ್ ಕಂಡಿಷನರ್ ಎಲ್ಲಾ ಹಾಕಿದಾಗಲೂ 13.9. ಅದೇ ಹಳೆ ಬ್ಯಾಟರಿ ಈಗಲೂ ಓಡುತ್ತಿದೆ.

ಬೆಂಚಿನ ಕೆಳಗೆ ಬೇರೆ ಗಾಡಿಗಳ ಆಲ್ಟರ್ನೇಟರ್ ರಾಶಿ ಇತ್ತು. ಕಾಯುತ್ತಾ ಕೂತಾಗ ಒಂದೊಂದರ ಸಾವಿಗೂ ಕಾರಣ ಕೇಳಿಸಿಕೊಂಡೆ. ಮಳೆಗಾಲದಲ್ಲಿ ಅಂಡರ್‌ಪಾಸ್ ನೀರಿಗೆ ಇಳಿದ ಗಾಡಿಗಳದ್ದು ಬ್ರಶ್ ಜಾಗದಲ್ಲಿ ಕೆಸರು ಒಣಗಿ ಕೂತಿರುತ್ತದೆ. ಇಂಜಿನ್ ಮೇಲೆ ಪ್ರೆಷರ್ ವಾಶ್ ಹೊಡೆಸುವವರದ್ದೂ ಇದೇ ಪಾಡು. ಕೆಲವು ಹಳೆ ಡೀಸೆಲ್ ಗಾಡಿಗಳಲ್ಲಿ ಬ್ರೇಕಿನ ವ್ಯಾಕ್ಯೂಮ್ ಪಂಪ್ ಆಲ್ಟರ್ನೇಟರ್ ಹಿಂದೆಯೇ ಕೂತಿರುತ್ತದೆ, ಅದರ ಸೀಲ್ ಹೋದರೆ ಇಂಜಿನ್ ಆಯಿಲ್ ಒಳಗೆ ನುಗ್ಗಿ ಕಾರ್ಬನ್ ತೊಯ್ದುಹೋಗುತ್ತದೆ. ಅಲ್ಲಿ ಸೀಲ್ ಬದಲಿಸದೆ ಕಾರ್ಬನ್ ಮಾತ್ರ ಹಾಕಿದರೆ ಮತ್ತೆ ಅದೇ ಗಾಡಿ ಅದೇ ಬೆಂಚಿಗೆ. ಜಂಪ್ ಸ್ಟಾರ್ಟ್ ಮಾಡುವಾಗ ಪ್ಲಸ್ ಮೈನಸ್ ಉಲ್ಟಾ ಕೊಟ್ಟರೆ ಡಯೋಡ್‌ಗಳು ಒಂದೇ ಏಟಿಗೆ ಹೋಗುತ್ತವೆ. ಪೂರ್ತಿ ಸತ್ತ ಬ್ಯಾಟರಿಯನ್ನು ತಳ್ಳಿ ಸ್ಟಾರ್ಟ್ ಮಾಡಿ ಆಲ್ಟರ್ನೇಟರಿನಿಂದಲೇ ತುಂಬಿಸಿಕೊಳ್ಳುವುದೂ ಅದಕ್ಕೆ ಒಳ್ಳೆಯದಲ್ಲ, ಅಷ್ಟು ಹೊತ್ತು ಪೂರ್ತಿ ಬಲದಲ್ಲಿ ದುಡಿದು ಬಿಸಿಯೇರುತ್ತದೆ. ಚಾರ್ಜರಿನಲ್ಲಿ ಇಟ್ಟು ಹಾಕಿ.

ಇನ್ನು ಬಲ್ಬಿನ ವಿಷಯ. ಕಂಪನಿಯ 60 ವಾಟ್ ತೆಗೆದು 100 ವಾಟ್ ಹಾಲೋಜನ್ ಹಾಕಿಸಿದರೆ ಎರಡೂ ಕಡೆಯ ಹೆಡ್‌ಲೈಟ್ ಸೇರಿಯೇ ಸುಮಾರು 14 ಆಂಪಿಯರ್ ಎಳೆಯುತ್ತವೆ. ಇಂಜಿನ್ ಐಡಲ್‌ನಲ್ಲಿ ಇದ್ದಾಗ ಆಲ್ಟರ್ನೇಟರ್ ತನ್ನ ಪೂರ್ತಿ ಕರೆಂಟು ಕೊಡಲಾರದು. ಸಿಲ್ಕ್ ಬೋರ್ಡ್ ಜಾಮಿನಲ್ಲಿ ಎಸಿ, ವೈಪರ್, ಲೈಟು, ಹಿಂದೆ ಆಂಪ್ಲಿಫೈಯರ್ ಹಾಕಿಕೊಂಡು ಗಂಟೆಗಟ್ಟಲೆ ನಿಂತರೆ ಪಾಪ ಅದು ಏನು ಮಾಡಬೇಕು?

ಇಂಜಿನ್ ಓಡುವಾಗ ಬ್ಯಾಟರಿ ಟರ್ಮಿನಲ್ ಕಿತ್ತು "ನೋಡಿ, ಬಂದ್ ಆಗ್ಲಿಲ್ಲ, ಡೈನಮೋ ಸರಿ ಇದೆ" ಅನ್ನುವ ಹಳೆ ಪರೀಕ್ಷೆಯನ್ನು ನಿಮ್ಮ ಗಾಡಿಯಲ್ಲಿ ಯಾರಾದರೂ ಮಾಡಲು ಬಂದರೆ ಕೈ ಹಿಡಿದು ನಿಲ್ಲಿಸಿ. ಬ್ಯಾಟರಿ ಕಳಚಿದ ಕ್ಷಣಕ್ಕೆ ವೋಲ್ಟೇಜ್ ಜಿಗಿದು ರೆಗ್ಯುಲೇಟರ್, ಡಯೋಡ್, ಇಸಿಯು (ಗಾಡಿಯ ಕಂಪ್ಯೂಟರ್) ಯಾವುದು ಬೇಕಾದರೂ ಹೋಗಬಹುದು. ಈ ಅಂಗಡಿಯಲ್ಲಿ ಅದನ್ನು ಮಾಡುವುದಿಲ್ಲ. ಒಂದು ಸ್ಟಾರ್ ಅದಕ್ಕೇ ಕೊಡಬಹುದು.

ಕುಂದುಗಳೂ ಇವೆ. ಬೆಳಗ್ಗೆ ಬಿಟ್ಟರೆ ಮಧ್ಯಾಹ್ನ ಕೊಡ್ತೀವಿ ಅಂದವರು ಕೊಟ್ಟಿದ್ದು ದೀಪ ಹಚ್ಚುವ ಹೊತ್ತಿಗೆ. ಪಾರ್ಟು ತರಲು ಹೋದ ಹುಡುಗ ಟೀ ಕುಡಿದೇ ಬಂದ ಅಂತ ಕಾಣುತ್ತದೆ. ಕೂರಲು ಒಂದು ಸ್ಟೂಲು, ಅದರ ಮೇಲೂ ಯಾರದ್ದೋ ಸೆಲ್ಫ್ ಮೋಟರ್ ಇತ್ತು. ಗಾಡಿ ಅಂಗಡಿ ಮುಂದೆ ಅಡ್ಡ ನಿಲ್ಲಿಸಬೇಕು, ಹಿಂದಿನಿಂದ ಲಗೇಜ್ ಆಟೋ ಹಾರ್ನ್ ತಪ್ಪುವುದಿಲ್ಲ. ರೆಗ್ಯುಲೇಟರ್ ಯಾವ ಕಂಪನಿಯದು ಅಂತ ಮೊದಲೇ ಕೇಳಿ. ಲ್ಯೂಕಾಸ್ ಟಿವಿಎಸ್ ಆಗಲಿ ಡೆನ್ಸೊ ಆಗಲಿ, ನಿಮ್ಮ ಆಲ್ಟರ್ನೇಟರ್ ಯಾವುದೋ ಅದರದ್ದೇ ಡಬ್ಬಿ ನಿಮ್ಮ ಎದುರಿಗೆ ಒಡೆಯಲು ಹೇಳಿ. ಲೋಕಲ್ ಪಾರ್ಟೂ ಇಟ್ಟಿದ್ದಾರೆ, ಬಾಯಿ ಬಿಟ್ಟು ಕೇಳದಿದ್ದರೆ ಯಾವುದು ಹಾಕುತ್ತಿದ್ದರೋ. ಬಿಲ್ಲೂ ಅಷ್ಟೇ, ಕೇಳಿದರೆ ಕೊಡುತ್ತಾರೆ.

ಹೊಸ ಗಾಡಿಯವರು ಇಲ್ಲಿಗೆ ಓಡಬೇಡಿ. ಈಗಿನ ಬಹಳಷ್ಟು ಕಾರುಗಳಲ್ಲಿ ಚಾರ್ಜಿಂಗನ್ನು ಇಸಿಯು ನಿಯಂತ್ರಿಸುತ್ತದೆ, ಓಡುತ್ತಿರುವಾಗ ಬೇಕಂತಲೇ ವೋಲ್ಟೇಜ್ ಇಳಿಸಿ ಬ್ರೇಕ್ ಹಾಕುವಾಗ ಏರಿಸುತ್ತದೆ. ಮೀಟರಿನಲ್ಲಿ 12.8 ನೋಡಿ ಗಾಬರಿಯಾಗುವ ಮೊದಲು ಲೈಟು, ಬ್ಲೋವರ್ ಹಾಕಿ ಮತ್ತೆ ನೋಡಿ. ಇಂಜಿನ್‌ಗೆ ಸಣ್ಣ ಮೋಟರ್ ನೆರವಾಗುವ ಮೈಲ್ಡ್ ಹೈಬ್ರಿಡ್‌ಗಳಲ್ಲಂತೂ ಬಹುಪಾಲು ಆಲ್ಟರ್ನೇಟರ್ ಜಾಗದಲ್ಲಿ ಸ್ಟಾರ್ಟೂ ಚಾರ್ಜೂ ಎರಡೂ ಮಾಡುವ ಸ್ಟಾರ್ಟರ್ ಜನರೇಟರ್ ಇರುತ್ತದೆ. ಯಜಮಾನರನ್ನೇ ಕೇಳಿದೆ, "ಅದು ನಮ್ಮ ಕೈಲಿ ಆಗಲ್ಲ, ಕಂಪನಿಗೇ ಹೋಗಿ" ಅಂದರು.

ಹೋಗುವವರು ವಾರದ ಮಧ್ಯೆ ಹತ್ತು ಗಂಟೆಗೆ, ಬಾಗಿಲು ತೆಗೆಯುವ ಹೊತ್ತಿಗೇ ಹೋಗಿ. ಭಾನುವಾರ ರಜಾ. ಟೌನ್ ಹಾಲ್ ಹತ್ತಿರ ಗಾಡಿ ಕೆಟ್ಟು ನಿಂತರೆ ಫೋನ್ ಮಾಡಿದರೆ ಹುಡುಗನನ್ನು ಮೀಟರ್ ಕೊಟ್ಟು ಕಳಿಸುತ್ತಾರಂತೆ, ಅದಕ್ಕೆ 300 ರೂಪಾಯಿ ಬೇರೆ. ರಿಪೇರಿ ಅಲ್ಲೇ ಮಾಡಿಸಿದರೆ ಅದನ್ನು ಬಿಲ್ಲಿನಲ್ಲಿ ಕಳೆಯುತ್ತಾರೆ.