ಪ್ರಂಬನಾನ್ ರಾಮಾಯಣ: ನೋಡುವುದಾದರೆ ಬಯಲು ರಂಗದಲ್ಲೇ ನೋಡಿ

ಇಂಡೋನೇಷ್ಯಾದ ಜಾವಾ ದ್ವೀಪದ ಯೋಗ್ಯಕರ್ತಾ ನಗರದಿಂದ ಪೂರ್ವಕ್ಕೆ ಸುಮಾರು 17 ಕಿ.ಮೀ. ದೂರದ ಹಿಂದೂ ದೇವಾಲಯಗಳ ತಾಣ ಪ್ರಂಬನಾನ್‌ನಲ್ಲಿ 1961ರಿಂದ ಆಡುತ್ತಿರುವ 'ಸೆಂದ್ರತಾರಿ', ಅಂದರೆ ಮಾತಿಲ್ಲದ ನೃತ್ಯನಾಟಕ, ಇದು. ಟಿಕೆಟ್ ಕೊಳ್ಳುವ ಮೊದಲು ಒಂದು ವಿಷಯ ವಿಚಾರಿಸಿ: ಆ ರಾತ್ರಿಯ ಪ್ರದರ್ಶನ ಬಯಲಿನಲ್ಲೋ, ಒಳಾಂಗಣದಲ್ಲೋ? ಸಾಮಾನ್ಯವಾಗಿ ಮೇ ತಿಂಗಳಿಂದ ಅಕ್ಟೋಬರ್‌ವರೆಗೆ ಬಯಲು ರಂಗ, ಮಳೆಗಾಲದಲ್ಲಿ ತ್ರಿಮೂರ್ತಿ ರಂಗಮಂದಿರ. ಒಣ ತಿಂಗಳಲ್ಲೂ ಮಳೆ ಹನಿದರೆ ಆಟ ಒಳಗೆ ಹೋಗುತ್ತದೆ. ಒಳಗೆ ನೃತ್ಯಕ್ಕೇನೂ ಕೊರತೆಯಿಲ್ಲ. ಆದರೆ ದೀಪದ ಬೆಳಕಿನಲ್ಲಿ ವೇದಿಕೆಯ ಹಿಂದೆ ನಿಲ್ಲುವ 47 ಮೀಟರ್ ಎತ್ತರದ ಶಿವಾಲಯ ಅಲ್ಲಿಲ್ಲ. ಅದಿಲ್ಲದ ಮೇಲೆ ಅಷ್ಟು ದೂರ ಬಂದ ಫಲ ಅರ್ಧ ಮಾತ್ರ.

ಪಾತ್ರಧಾರಿಗಳು ಮಾತಾಡುವುದಿಲ್ಲ. ಕಥೆಯನ್ನು ಜಾವಾನೀ ಹಾಡು ಮತ್ತು ಗಮೆಲಾನ್ ವಾದ್ಯಮೇಳ ನಡೆಸುತ್ತವೆ. ಸೀತೆ ಇಲ್ಲಿ ಶಿಂತಾ, ರಾವಣ ರಹ್ವಾನಾ, ವಾಲಿ ಸುಬಾಲಿ, ಲಂಕೆ ಅಲೆಂಗ್ಕಾ. ಇಷ್ಟು ತಿಳಿದಿದ್ದರೆ ಸಾಕು, ಕಣ್ಣನ್ನು ಕೈಗಳ ಮೇಲಿಡಬಹುದು. ಹೆಬ್ಬೆರಳು ಮಧ್ಯದ ಬೆರಳಿಗೆ ತಾಗಿದರೆ 'ಙಿತಿಂಗ್'. ನಾಲ್ಕು ಬೆರಳು ನೇರ ನಿಂತು ಹೆಬ್ಬೆರಳು ಅಂಗೈಗೆ ಮಡಚಿದರೆ 'ಙ್ರಯುಂಗ್'. ಶಿಂತಾ ಸೊಂಟದ 'ಸಂಪುರ್' ಸೆರಗನ್ನು ಬೆರಳ ತುದಿಯಲ್ಲಿ ಚಿಮ್ಮಿಸಿ ಬಿಡುವ ಆ ಒಂದು ಕ್ಷಣ ಎಷ್ಟು ಸಲ ಬಂದರೂ ಹಳೆಯದಾಗುವುದಿಲ್ಲ. ರಾಮನದು 'ಅಲುಸ್', ಅಂದರೆ ನಯವಾದ, ನಿಧಾನದ ನಡೆ. ರಹ್ವಾನಾದು 'ಗಗಾಹ್', ಕಾಲೆತ್ತಿ ಇಡುವ ಬಿರುಸಿನ ಹೆಜ್ಜೆ. ರಾಮನ ನಿಧಾನವನ್ನು ಸಪ್ಪೆ ಎಂದುಕೊಳ್ಳಬೇಡಿ, ಕಷ್ಟವಿರುವುದೇ ಅದರಲ್ಲಿ.

ಹನುಮಂತ ಅಲೆಂಗ್ಕಾವನ್ನು ಸುಡುವಾಗ ಬಯಲಿನಲ್ಲಿ ಹುಲ್ಲಿಗೆ ನಿಜವಾದ ಬೆಂಕಿ ಬೀಳುತ್ತದೆ. ಇಡೀ ರಾತ್ರಿಯ ಶಿಖರ ಅದೇ. ಸುಮಾರು ಎರಡು ಗಂಟೆಯಲ್ಲಿ ಪೂರ್ತಿ ಕಥೆ ಮುಗಿಸಬೇಕಾದ್ದರಿಂದ ಸುಬಾಲಿ–ಸುಗ್ರೀವರ ಕಾಳಗ ಮಾತ್ರ ಓಡಿಬಿಡುತ್ತದೆ; ಇದು ನಿಜಕ್ಕೂ ನಷ್ಟ.

ಸೀಟು ನಡುಭಾಗದ್ದೇ ಇರಲಿ. ಅಂಚಿನ ಅಗ್ಗದ ಸಾಲುಗಳಲ್ಲಿ ದೇವಾಲಯ ವೇದಿಕೆಯ ನೇರಕ್ಕೆ ಬರುವುದಿಲ್ಲ, ಗುಂಪು ನೃತ್ಯದ ವಿನ್ಯಾಸವೂ ಓರೆಯಾಗಿ ಕಾಣುತ್ತದೆ. ಕಲ್ಲಿನ ಮೆಟ್ಟಿಲಾದರೆ ಕೆಳಗೆ ಹಾಸಲು ಏನಾದರೂ ಒಯ್ಯಿರಿ. ಆಟ ರಾತ್ರಿ ಏಳೂವರೆಗೆ ಶುರುವಾಗಿ ಒಂಬತ್ತೂವರೆ ಹೊತ್ತಿಗೆ ಮುಗಿಯುತ್ತದೆ. ಮರಳುವಾಗ ಸಿಟಿ ಬಸ್ಸನ್ನು ನಂಬಬೇಡಿ, ಕಾಯುವ ಕಾರನ್ನು ಮೊದಲೇ ಗೊತ್ತುಮಾಡಿಕೊಳ್ಳಿ.

ಹಗಲಲ್ಲೇ ದೇವಾಲಯ ನೋಡಿಬಿಡಿ. ಸಂಜೆಗೆ ಬಾಗಿಲು ಹಾಕುತ್ತಾರೆ. ಶಿವಾಲಯದ ಜಗಲಿಯಲ್ಲಿ ಪೂರ್ವದ ಮೆಟ್ಟಿಲಿಂದ ಪ್ರದಕ್ಷಿಣೆಯಾಗಿ ನಡೆದರೆ ಒಂಬತ್ತನೇ ಶತಮಾನದ ರಾಮಾಯಣದ ಉಬ್ಬುಶಿಲ್ಪಗಳು ಕ್ರಮವಾಗಿ ಸಿಗುತ್ತವೆ, ಉಳಿದ ಕಥೆ ಪಕ್ಕದ ಬ್ರಹ್ಮನ ಗುಡಿಯಲ್ಲಿ.