ಲೆಕ್ಕಕ್ಕೆ ಮೊದಲು ಊಹೆ: ಮೂರು ವರ್ಷ ಓದಿದ ಕೆಮಿಸ್ಟ್ರಿ ಪುಸ್ತಕ

ಬಿಎಸ್ಸಿ ಮೊದಲ ವರ್ಷ ಅವೆನ್ಯೂ ರಸ್ತೆಯಲ್ಲಿ ಚೌಕಾಸಿ ಮಾಡಿ 700 ರೂಪಾಯಿಗೆ ತಂದ ಸೆಕೆಂಡ್ ಹ್ಯಾಂಡ್ ಪುಸ್ತಕ ಇದು. ಅಟ್ಕಿನ್ಸ್, ಜೋನ್ಸ್, ಲೇವರ್‌ಮನ್ ಬರೆದ 'ಕೆಮಿಕಲ್ ಪ್ರಿನ್ಸಿಪಲ್ಸ್', ಏಳನೇ ಆವೃತ್ತಿ. ಹೊಸದನ್ನು ಕೊಳ್ಳುವಷ್ಟು ದುಡ್ಡು ನನ್ನ ಹತ್ತಿರ ಇರಲಿಲ್ಲ.

ಇದರಲ್ಲಿ ನನಗೆ ಹಿಡಿಸಿದ್ದು ಒಂದು ಸಣ್ಣ ಸಂಗತಿ. ಬಿಡಿಸಿ ತೋರಿಸಿದ ಲೆಕ್ಕಗಳಲ್ಲಿ ಮೊದಲು 'ಆಂಟಿಸಿಪೇಟ್' ಅಂತ ಒಂದು ಸಾಲು ಬರುತ್ತದೆ. ಉತ್ತರ ಹೇಗಿರಬಹುದು, ಯಾಕೆ ಅಂತ ಮುಂಚೆಯೇ ಊಹಿಸಬೇಕು. ಕೊನೆಯಲ್ಲಿ ಊಹೆಯನ್ನೂ ಉತ್ತರವನ್ನೂ ತಾಳೆ ನೋಡಬೇಕು. ಸುಮ್ನೆ ಜಾಗ ತುಂಬಿಸಿದ್ದಾರೆ ಅಂದುಕೊಂಡಿದ್ದೆ. ಪಿಯುಸಿಯಲ್ಲಿ ಕಲಿತಿದ್ದು ಫಾರ್ಮುಲಾ ಹಾಕು, ಕ್ಯಾಲ್ಕುಲೇಟರ್ ಒತ್ತು, ಅಷ್ಟೇ ಅಲ್ವಾ.

ಆಮೇಲೆ ಒಂದು ಟೆಸ್ಟಿನಲ್ಲಿ 10⁻⁸ ಮೋಲಾರ್, ಅಂದರೆ ತೀರಾ ತೆಳುವಾದ, ಹೈಡ್ರೋಕ್ಲೋರಿಕ್ ಆಮ್ಲದ ಪಿಎಚ್ ಕೇಳಿದರು. 8 ಅಂತ ಬರೆದು ಬಂದೆ. ಪಿಎಚ್ 7ಕ್ಕಿಂತ ಕಡಿಮೆ ಇದ್ದರೆ ಆಮ್ಲ, ಹೆಚ್ಚಿದ್ದರೆ ಕ್ಷಾರ; ನಾನು ಆಮ್ಲವನ್ನೇ ಕ್ಷಾರ ಮಾಡಿಟ್ಟಿದ್ದೆ! ನೀರು ತಾನೇ ಕೊಡುವ ಹೈಡ್ರೋಜನ್ ಅಯಾನುಗಳನ್ನು ಸೇರಿಸಬೇಕಿತ್ತು. ಸರಿಯಾದ ಉತ್ತರ 6.98. '7ಕ್ಕಿಂತ ಚೂರು ಕಡಿಮೆ' ಅಂತ ಮೊದಲೇ ಊಹಿಸಿದ್ದರೆ ತಪ್ಪು ಅಲ್ಲೇ ಸಿಕ್ಕಿಬೀಳುತ್ತಿತ್ತು.

ಅವತ್ತಿನಿಂದ ದಿನಾ ಬೆಳಗ್ಗೆ ಕಾಫಿ ಮುಗಿಯುವುದರೊಳಗೆ ಎರಡು ಲೆಕ್ಕ. ಪುಟದ ಅಂಚಿನಲ್ಲಿ ಪೆನ್ಸಿಲಿನಿಂದ ಊಹೆ, ನೋಟ್‌ಬುಕ್ಕಿನಲ್ಲಿ ಪೆನ್ನಿನಿಂದ ಉತ್ತರ. ಊಹೆ ತಪ್ಪಾದರೆ ಪಕ್ಕದಲ್ಲಿ ಒಂದು ಸೊನ್ನೆ. ಮೊದಲ ಆರು ತಿಂಗಳಂತೂ ಬರೀ ಸೊನ್ನೆಗಳೇ.

ಸಿಟ್ಟು ಬಂದಿದ್ದು ಅಭ್ಯಾಸದ ಲೆಕ್ಕಗಳ ವಿಷಯದಲ್ಲಿ. ಪುಸ್ತಕದ ಕೊನೆಯಲ್ಲಿ ಕೊಟ್ಟಿರುವ ಉತ್ತರಗಳು ಬೆಸ ಸಂಖ್ಯೆಯ ಲೆಕ್ಕಗಳಿಗೆ ಮಾತ್ರ. ರೂಮಿನಲ್ಲಿ ಒಬ್ಬನೇ ಕೂತು ಓದುವವನು ಉಳಿದ ಅರ್ಧವನ್ನು ಯಾರ ಹತ್ತಿರ ತೋರಿಸಬೇಕು? ಊಹಿಸು ಅಂತ ಕಲಿಸಿದವರೇ ಊಹೆ ಸರಿಯಾ ಅಂತ ಹೇಳದೆ ಬಿಟ್ಟರೆ ಹೇಗೆ? ಜೊತೆಗೆ, ಪರಮಾಣು ಮತ್ತು ಕ್ವಾಂಟಮ್‌ನಿಂದಲೇ ಪಾಠ ಶುರು. ಡಬ್ಬಿಯೊಳಗೆ ಸಿಕ್ಕಿಕೊಂಡ ಕಣದ ಕ್ವಾಂಟಮ್ ಲೆಕ್ಕ, 'ಪಾರ್ಟಿಕಲ್ ಇನ್ ಎ ಬಾಕ್ಸ್', ಬಂದಾಗ ಎರಡು ವಾರ ಪುಸ್ತಕ ಮುಚ್ಚಿಟ್ಟಿದ್ದೆ. ವಸ್ತುವಿನ ಪ್ರಮಾಣ ಅಳೆಯುವ ಮೋಲ್ ಲೆಕ್ಕ ಮರೆತವರು ಆರಂಭದ 'ಫಂಡಮೆಂಟಲ್ಸ್' ಭಾಗವನ್ನು ಎ ಯಿಂದ ಎಂ ವರೆಗೆ ಮುಗಿಸಿಯೇ ಮುಂದೆ ಹೋಗಿ. ಬರೀ ಪರೀಕ್ಷೆ ಪಾಸಾದರೆ ಸಾಕು ಅನ್ನುವವರಿಗೆ ಇಷ್ಟು ದಪ್ಪದ ಪುಸ್ತಕ ಬೇಡವೇ ಬೇಡ.

ಮೊನ್ನೆ ಜೂನಿಯರ್ ಒಬ್ಬಳು, "ಅಣ್ಣಾ, 500ಕ್ಕೆ ಕೊಡ್ತೀರಾ?" ಅಂತ ಕೇಳಿದಳು. ಆಯಿತು ಅಂದೆ. ಅಂಚುಗಳನ್ನು ಅಳಿಸಿ ಕೊಡೋಣ ಅಂತ ರಬ್ಬರ್ ಹಿಡಿದು ಕೂತೆ. ಮೂರನೇ ಪುಟಕ್ಕೇ ನಿಲ್ಲಿಸಿದೆ.