‘ಡಿಎಲ್‌ಎಲ್ ಫೈಲ್ ಇಲ್ಲ’ ಅಂತ ಬಂದರೆ ಅದೊಂದನ್ನೇ ಎಲ್ಲಿಂದಲೋ ತಂದು ಹಾಕಿಸಬೇಡಿ

ವಿಂಡೋಸ್ ಕಂಪ್ಯೂಟರಿನಲ್ಲಿ ದೊಡ್ಡ ಡೇಟಾ ಇಟ್ಟುಕೊಂಡು ಕೂತಿರುವ ಸಂಶೋಧನಾ ವಿದ್ಯಾರ್ಥಿಗಳು ದಯವಿಟ್ಟು ಓದಿ. ಮಾನಸಗಂಗೋತ್ರಿಯಲ್ಲಿ ಓದುತ್ತಿರುವ ನಮ್ಮ ಅಕ್ಕನ ಮಗಳಿಗೆ ಆದದ್ದು ಇದು.

ಅವಳ ಹತ್ತಿರ ಇದ್ದದ್ದು ಮಂಡ್ಯ ಕಡೆಯ ಮೂವತ್ತು ಮಳೆಮಾಪಕಗಳ ಹಲವು ವರ್ಷದ ದಾಖಲೆ. ಹದಿನೈದು ನಿಮಿಷಕ್ಕೆ ಒಂದು ಸಾಲು. ಅಂದರೆ ಒಂದು ಮಾಪಕಕ್ಕೆ ದಿನಕ್ಕೆ 96, ವರ್ಷಕ್ಕೆ 35,040. ಮೂವತ್ತೂ ಸೇರಿದರೆ 10,51,200. ಎಕ್ಸೆಲ್‌ನ ಒಂದು ಶೀಟು ಹಿಡಿಯುವುದು 10,48,576 ಸಾಲು, ಅಷ್ಟೇ. ಅದಕ್ಕೇ ಬೇರೆ ಸಾಫ್ಟ್‌ವೇರ್ ಹಾಕಿಕೊಂಡಳು. ತೆರೆಯಲು ಹೋದರೆ ‘ವಿಸಿರನ್‌ಟೈಮ್140 ಡಿಎಲ್‌ಎಲ್ ಸಿಗಲಿಲ್ಲ’ ಎಂದು ಬಂತು. (ಡಿಎಲ್‌ಎಲ್ ಅಂದರೆ ಪ್ರೋಗ್ರಾಮುಗಳು ಓಡುವಾಗ ಕರೆದು ಬಳಸಿಕೊಳ್ಳುವ ಸಹಾಯಕ ಫೈಲು.) ಮೈಸೂರಿನ ಒಂದು ಸರ್ವೀಸ್ ಅಂಗಡಿಗೆ ಲ್ಯಾಪ್‌ಟಾಪ್ ಕೊಟ್ಟಳು.

ಅಂಗಡಿಯವರು ಬಿಡಿ ಡಿಎಲ್‌ಎಲ್ ಹಂಚುವ ಯಾವುದೋ ಸೈಟಿನಿಂದ ಅದನ್ನು ಇಳಿಸಿದ್ದಾರೆ. ಆಂಟಿವೈರಸ್ ತಡೆದಿದೆ; ಅದನ್ನೇ ಆಫ್ ಮಾಡಿದ್ದಾರೆ! ಫೈಲನ್ನು ಸಿಸ್ಟಮ್32ಗೆ ಹಾಕಿದ ಮೇಲೆ 7ಬಿ ಎಂದು ಮುಗಿಯುವ ಎರರ್ ಬಂದಿದೆ. 64 ಬಿಟ್ ಪ್ರೋಗ್ರಾಮಿಗೆ 32 ಬಿಟ್ ಡಿಎಲ್‌ಎಲ್ ಸಿಕ್ಕಿದಾಗ ಸಾಮಾನ್ಯವಾಗಿ ಬರುವ ಎರರ್ ಅದು. (ಹೆಸರು ನೋಡಿ ಮೋಸಹೋಗಬೇಡಿ: 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರಿನಲ್ಲಿರುವುದು 64 ಬಿಟ್ ಫೈಲುಗಳು, 32 ಬಿಟ್‌ನವು ಸಿಸ್‌ವಾವ್64ನಲ್ಲಿ. ಹೀಗೆ ಹೆಸರಿಟ್ಟ ಪುಣ್ಯಾತ್ಮರಿಗೆ ನಮಸ್ಕಾರ.) ಸರಿಯಾದ ಫೈಲು ತರುವ ಬದಲು ಸಾಫ್ಟ್‌ವೇರನ್ನೇ ತೆಗೆದು ಅದರ 32 ಬಿಟ್ ಆವೃತ್ತಿ ಹಾಕಿಕೊಟ್ಟರು. ತೆರೆಯಿತು. ದುಡ್ಡು ಇಸ್ಕೊಂಡರು.

ಎಲ್ಲ ವರ್ಷಗಳನ್ನು ಕೂಡಿಸಹೊರಟಾಗ ‘ಮೆಮೊರಿ ಸಾಲದು’ ಅನ್ನತೊಡಗಿತು. ಲ್ಯಾಪ್‌ಟಾಪಿನಲ್ಲಿ 16 ಜಿಬಿ ರ‍್ಯಾಮ್ ಇದೆ, ಆದರೆ 32 ಬಿಟ್ ಪ್ರೋಗ್ರಾಮಿಗೆ ಸಾಮಾನ್ಯವಾಗಿ ದಕ್ಕುವುದು 2 ಜಿಬಿ. ಮತ್ತೆ ಅಂಗಡಿಗೆ ಫೋನು. ‘ಒಂದೊಂದೇ ವರ್ಷದ್ದು ಎಕ್ಸೆಲ್‌ನಲ್ಲಿ ಓಪನ್ ಮಾಡಿ ಸೇವ್ ಮಾಡ್ಕೊಳಿ ಮೇಡಂ, ಏನೋ ವಾರ್ನಿಂಗ್ ಬರುತ್ತೆ, ಓಕೆ ಕೊಡಿ’ ಎಂಬ ಸಲಹೆ ಬಂತು. ಆ ವಾರ್ನಿಂಗ್ ಹೇಳುತ್ತಿದ್ದದ್ದು ಫೈಲು ಪೂರ್ತಿ ತೆರೆದಿಲ್ಲ ಎಂದು. ಪ್ರತಿ ವರ್ಷದ ಫೈಲಿನಲ್ಲೂ ಬಾಲ ಕತ್ತರಿಸಿಹೋಯಿತು: ಕೊನೆಯ ಮಾಪಕದಲ್ಲಿ ಡಿಸೆಂಬರ್‌ನ ಕನಿಷ್ಠ 27 ದಿನದ ದಾಖಲೆಯೇ ಇಲ್ಲ. ಡಿಸೆಂಬರ್‌ನಲ್ಲಿ ಮಳೆ ಕಡಿಮೆ ತಾನೇ ಎಂದು ಗ್ರಾಫ್ ನೋಡಿದ ಯಾರಿಗೂ ಅನುಮಾನ ಬರಲಿಲ್ಲ.

ಇದರ ನಡುವೆ ಅವಳ ಇಮೇಲಿಗೆ ಇನ್ಯಾರೋ ಎಲ್ಲಿಂದಲೋ ಲಾಗಿನ್ ಆಗಿರುವ ಸೂಚನೆ ಬಂತು. ‘ಮಾವ, ನಾನಲ್ಲ ಇದು’ ಅಂತ ಗಾಬರಿಯಾಗಿ ಫೋನ್ ಮಾಡಿದಳು. ಡಿಎಲ್‌ಎಲ್ ಅಂದರೆ ಬರೀ ಡೇಟಾ ಅಲ್ಲ, ಓಡುವ ಕೋಡು. ಯಾವ ಪ್ರೋಗ್ರಾಮು ಅದನ್ನು ಕರೆಯುತ್ತದೋ ಆ ಪ್ರೋಗ್ರಾಮಿಗಿರುವ ಅಧಿಕಾರವೆಲ್ಲ ಅದಕ್ಕೂ ಸಿಗುತ್ತದೆ. ಪಾಸ್‌ವರ್ಡ್ ಕದ್ದದ್ದು ಆ ಫೈಲೋ, ಅದರ ಜೊತೆ ಬಂದ ‘ಫಿಕ್ಸರ್’ ಪ್ರೋಗ್ರಾಮೋ, ದೇವರಿಗೇ ಗೊತ್ತು. ನಾನು ವಿಂಡೋಸನ್ನೇ ಅಳಿಸಿ ಹೊಸದಾಗಿ ಹಾಕಿದೆ. ಪಾಸ್‌ವರ್ಡುಗಳನ್ನೆಲ್ಲ ಬೇರೆ ಫೋನಿನಿಂದ ಬದಲಿಸಿದಳು.

ಅಷ್ಟಕ್ಕೂ ಬೇಕಿದ್ದದ್ದು ಮೈಕ್ರೋಸಾಫ್ಟ್ ತನ್ನ ಸೈಟಿನಲ್ಲಿ ಪುಕ್ಕಟೆ ಕೊಡುವ, ಆ ಡಿಎಲ್‌ಎಲ್ ಒಳಗೊಂಡಿರುವ ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್. ಎಕ್ಸ್64 (64 ಬಿಟ್), ಎಕ್ಸ್86 (32 ಬಿಟ್) ಎರಡನ್ನೂ ಹಾಕಿಕೊಂಡರೆ ತಂಟೆಯಿಲ್ಲ. ಕಾಣೆಯಾದದ್ದು ಎಚ್‌ಡಿಎಫ್5ನಂಥ (ದೊಡ್ಡ ಡೇಟಾ ಫೈಲು ಓದಿ ಬರೆಯಲು ಸಾಫ್ಟ್‌ವೇರ್ ಬಳಸುವ) ಲೈಬ್ರರಿಯಾದರೆ ಆ ಸಾಫ್ಟ್‌ವೇರನ್ನೇ ಅದರ ಮೂಲ ಸೈಟಿನಿಂದ ಮತ್ತೆ ಇನ್‌ಸ್ಟಾಲ್ ಮಾಡಿ. ಬೇರೆ ಆವೃತ್ತಿಯ ಬಿಡಿ ಫೈಲು ಹೊಂದುವ ಖಾತ್ರಿಯಿಲ್ಲ. ವಿಂಡೋಸ್‌ನದೇ ಫೈಲು ಕೆಟ್ಟಿದ್ದರೆ ಅಡ್ಮಿನ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ‘ಎಸ್‌ಎಫ್‌ಸಿ /ಸ್ಕ್ಯಾನ್‌ನೌ’ ಓಡಿಸಿ. ರಿಪೇರಿಯವರು ಆಂಟಿವೈರಸ್ ಆಫ್ ಮಾಡಬೇಕು ಅಂದರೆ ಲ್ಯಾಪ್‌ಟಾಪ್ ಎತ್ತಿಕೊಂಡು ಬನ್ನಿ.

ಮೂಲ ಸಿಎಸ್‌ವಿ ಫೈಲುಗಳು ಗೈಡ್ ಹತ್ತಿರ ಇದ್ದವು, ಡೇಟಾ ಉಳಿಯಿತು. ಅಂಗಡಿಗೆ ಹೋಗಿ ಕೇಳಿದರೆ ‘ಸಾಫ್ಟ್‌ವೇರ್ ಓಪನ್ ಆಗ್ತಿತ್ತಲ್ಲ ಸಾರ್?’ ಅಂದರು. ದುಡ್ಡು ವಾಪಸ್ ಕೊಡಲಿಲ್ಲ.